ಕನ್ನಡಿ ಇಲ್ಲದ ಗರಡಿ

ಕೃಷ್ಣದೇವರಾಯ ಅಂದರೆ ನಮ್ಮ ಕಣ್ಣಿಗೆ ಕಟ್ಟುವುದು ಸಿನಿಮಾದ ನಾಯಕ. ಸುಮಾರು 1520ರಲ್ಲಿ ಹಂಪಿಗೆ ಬಂದು ರಾಯನನ್ನು ಕಣ್ಣಾರೆ ಕಂಡ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯಸ್ ಬರೆದಿಟ್ಟ ಚಿತ್ರವೇ ಬೇರೆ: ಸಾಧಾರಣ ಎತ್ತರ, ತುಸು ದಪ್ಪ ಮೈ, ಮುಖದಲ್ಲಿ ಸಿಡುಬಿನ ಕಲೆ. ಆದರೂ ಚೆಂದದ ಮೈಕಟ್ಟು ಎನ್ನುತ್ತಾನೆ ಪಾಯಸ್. ಆ ಮೈಯನ್ನು ರಾಯ ಸಾಕಿದ ರೀತಿಯೂ ಅಲ್ಲಿದೆ. ಬೆಳಕು ಹರಿಯುವ ಮುಂಚೆ ಎದ್ದು ಎಳ್ಳೆಣ್ಣೆ ಕುಡಿಯುವುದು, ಮೈಗೂ ಅದನ್ನೇ ತಿಕ್ಕಿಕೊಳ್ಳುವುದು, ಸೊಂಟಕ್ಕೊಂದು ತುಂಡು ಬಟ್ಟೆ ಸುತ್ತಿ ಮಣ್ಣಿನ ಭಾರ ಎತ್ತುವುದು, ಎಣ್ಣೆಯೆಲ್ಲ ಬೆವರಾಗಿ ಇಳಿಯುವ ತನಕ ಕತ್ತಿ ಬೀಸುವುದು, ಆಮೇಲೆ ಜಟ್ಟಿಯೊಬ್ಬನೊಡನೆ ಕುಸ್ತಿ.

ಸಿನಿಮಾದ ನಾಯಕನಂತಿಲ್ಲದ ಮೈಯೊಡನೆ ಸಂಕೋಚವಿಲ್ಲದೆ ಇರುವುದಕ್ಕೆ ಯುರೋಪಿನಲ್ಲಿ ಇನ್ನೊಂದು ದಾರಿ ಇದೆ. ಬಟ್ಟೆ ಕಳಚಿಟ್ಟು ಗುಂಪಾಗಿ ಈಜುವ, ಆಡುವ ನ್ಯಾಚುರಿಸಂ ಅಲ್ಲಿ ನೂರು ವರ್ಷಕ್ಕೂ ಹಳೆಯದು. ಲಂಡನ್ನಿನ ಮನಶ್ಶಾಸ್ತ್ರಜ್ಞ ಕಿಯಾನ್ ವೆಸ್ಟ್ 849 ಬ್ರಿಟಿಷರನ್ನು ವಿಚಾರಿಸಿ 2017ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಅದರಲ್ಲಿ ಹೆಚ್ಚು ತೊಡಗಿದವರಿಗೆ ತಮ್ಮ ಮೈಯ ಬಗ್ಗೆ ಸಮಾಧಾನವೂ ಹೆಚ್ಚು. ನಮ್ಮಲ್ಲಿ ಇದನ್ನು ಕಾನೂನೂ ಒಪ್ಪದು, ಊರೂ ಒಪ್ಪದು. ಒಪ್ಪಲೇಬೇಕು ಎಂಬ ಹಟ ನನಗಿಲ್ಲ. ಹರಕೆ ಹೊತ್ತು ಬೆತ್ತಲಾಗಿ ದೇವಿಯ ಗುಡಿಗೆ ನಡೆಯುವ ಬೆತ್ತಲೆ ಸೇವೆಯ ವಿಚಾರಕ್ಕೆ 1986ರಲ್ಲಿ ಚಂದ್ರಗುತ್ತಿಯಲ್ಲಿ ನಡೆದ ಗಲಭೆಯನ್ನು ಬಲ್ಲವರಿಗೆ ಗೊತ್ತು: ಬಟ್ಟೆ ಕಳಚಿದ ಮಾತ್ರಕ್ಕೆ ಸಂಕೋಚ ಕಳಚುವುದಿಲ್ಲ. ಯಾರು ಕಳಚಿಸಿದರು, ಯಾರು ನೋಡಲು ನಿಂತರು ಎಂಬುದರ ಮೇಲೆ ಎಲ್ಲ ನಿಂತಿದೆ.

ಹಾಗಾದರೆ ಮೈಗೆ ನೆಮ್ಮದಿ ಕೊಡುವುದು ಯಾವುದು? ನನ್ನ ಉತ್ತರ ಗರಡಿಮನೆ. ಅಲ್ಲಿ ಲಂಗೋಟಿ ಬಿಗಿದು ನಿಂತ ಡೊಳ್ಳುಹೊಟ್ಟೆ, ಪಕ್ಕೆಲುಬು ಎಣಿಸಬಹುದಾದ ಪೋರ, ಆಪರೇಷನ್ ಗಾಯದ ಗುರುತು, ಜೋತುಬಿದ್ದ ಎದೆಯ ಹಳೇ ಪೈಲ್ವಾನ, ಎಲ್ಲರೂ ಒಂದೇ ಕಣದಲ್ಲಿ. ಒಬ್ಬರ ಬೆನ್ನಿಗೆ ಇನ್ನೊಬ್ಬರು ಎಣ್ಣೆ ಹಚ್ಚುತ್ತಾರೆ. ಒಂದು ಹಿಡಿತ ಹಾಕಿ ಉರುಳಿದರೆ ಕರಿ ಮೈ, ಬಿಳಿ ಮೈ ಎರಡೂ ಕೆಮ್ಮಣ್ಣಿನ ಬಣ್ಣಕ್ಕೆ ಬರುತ್ತವೆ. ‘ಲೇ ತಮ್ಮಾ, ತೊಡಿ ಗಟ್ಟಿ ಇಲ್ಲ, ಬೈಠಕ್ ಹೊಡಿ’ ಎಂದು ಉಸ್ತಾದ್ ಗದರುತ್ತಾರೆ. ಗದರಿದ್ದು ತೊಡೆಯ ಕಸುವಿಗೆ. ಅದರ ಅಂದಚೆಂದ ಅವರಿಗೆ ಬೇಡ. ಶಾಲೆಯಲ್ಲಿ ‘ಡುಮ್ಮ’ ಅನ್ನಿಸಿಕೊಂಡ ಹುಡುಗ ಇಲ್ಲಿ ಸುಲಭಕ್ಕೆ ಅಲುಗದ ಎದುರಾಳಿ. ಈಗ ಹೊಸಪೇಟೆಯ ಹುಡುಗರು ಹೋಗುವ ಜಿಮ್ಮುಗಳಲ್ಲಿ ಗೋಡೆಗೊಂದು ಕನ್ನಡಿ. ಒಂದೊಂದು ಸೆಟ್ ಮುಗಿದಾಗಲೂ ತೋಳು ಅಳೆದು ನೋಡಿ ಕೊರಗುವ ಮಕ್ಕಳು. ಗರಡಿಯ ಗೋಡೆಯಲ್ಲಿ ಇರುವುದು ಆಂಜನೇಯನ ಪಟ. ತನ್ನ ಮೈ ಹೇಗಿದೆ ಎಂದು ಅಲ್ಲಿ ತಿಳಿಯುವುದು ಎದುರಾಳಿಯ ಪಟ್ಟಿನಲ್ಲೇ.

ಇಷ್ಟು ಹೊಗಳಿದ ಮೇಲೆ ಗರಡಿಯ ಕೊರತೆಯನ್ನೂ ಹೇಳಬೇಕು. ಬಣ್ಣ, ತೂಕ, ಕೂದಲು ಎಂದು ಹೆಚ್ಚು ಮಾತು ಕೇಳುವವರು ಹೆಣ್ಣುಮಕ್ಕಳು. ಬಹುಪಾಲು ಗರಡಿಗಳು ಇಂದಿಗೂ ಗಂಡಸರವು. ಹಂಪಿಯ ಮಹಾನವಮಿ ದಿಬ್ಬದ ಕಲ್ಲಿನಲ್ಲಿ ಜಟ್ಟಿಗಳಿದ್ದಾರೆ ಎಂದು ನಾವು ಬೀಗುತ್ತೇವೆ. ಪಾಯಸನ ನಂತರ ಬಂದ ಇನ್ನೊಬ್ಬ ಪೋರ್ಚುಗೀಸ, ನೂನಿಜ್, ವಿಜಯನಗರದ ಅರಸನ ಬಳಿ ಕುಸ್ತಿ ಆಡುವ ಹೆಂಗಸರೂ ಇದ್ದರೆಂದು ಬರೆದದ್ದು ಮಾತ್ರ ನಮಗೆ ನೆನಪಾಗುವುದಿಲ್ಲ. ಹೊಸಪೇಟೆ, ಕಂಪ್ಲಿ, ಸಂಡೂರಿನಲ್ಲಿ ಊರಿಗೊಂದಾದರೂ ಗರಡಿ ವಾರಕ್ಕೆರಡು ಸಂಜೆ ಹುಡುಗಿಯರಿಗೆಂದೇ ಬಾಗಿಲು ತೆರೆಯಲಿ. ಕಲಿಸುವುದಕ್ಕೆ ಹೆಣ್ಣು ಪೈಲ್ವಾನರೇ ಬರಲಿ. ಉಡುಪು ಆ ಹುಡುಗಿಯರ ಇಷ್ಟದ್ದು.