ಗಂಟೆಯ ಜಾಗದಲ್ಲಿ ಹಣತೆ

"ಇದೇನು ದೇವಸ್ಥಾನವೋ, ಇಗರ್ಜಿಯೋ?" ಗೋವೆಯ ಮಂಗೇಶಿ, ಕವಳೆ ಶಾಂತಾದುರ್ಗೆಯ ಗುಡಿಗಳನ್ನು ಮೊದಲ ಸಲ ಕಂಡ ಘಟ್ಟದ ಮೇಲಿನವರು ಕೇಳುವುದುಂಟು. ಶೆಟಗೇರಿ ಕಡೆಯಿಂದ ಕಾಳಿ ಹೊಳೆ ದಾಟಿ ಹರಕೆಗೆ ಹೋಗಿಬರುವವರಿಗೆ ಈ ಅನುಮಾನವಿಲ್ಲ. ಬೆರಕೆಯೆಂದರೆ ಕೀಳು ಎಂಬ ಎಣಿಕೆ ಆ ಪ್ರಶ್ನೆಯಲ್ಲಿದೆ; ನನಗದು ಒಪ್ಪಿಗೆಯಿಲ್ಲ.

ಮಂಗೇಶ ಮೊದಲಿದ್ದದ್ದು ಕುಶಸ್ಥಳಿಯಲ್ಲಿ. 1560ರಲ್ಲಿ ಪೋರ್ಚುಗೀಸರ ಮತಾಂತರಕ್ಕೆ ಹೆದರಿದ ಭಕ್ತರು ಲಿಂಗವನ್ನು ಜುವಾರಿ ದಾಟಿಸಿ ಫೋಂಡಾ ಸೀಮೆಯ ಪ್ರಿಯೋಳಕ್ಕೆ ಒಯ್ದರು. ಆ ಸೀಮೆ ಆಗ ಬಿಜಾಪುರದ ಆದಿಲಶಾಹಿಗಳದ್ದು. ಫೋಂಡಾದ ಸಫಾ ಮಸೀದಿಯ ಕಾಲವನ್ನೂ 1560 ಎಂದೇ ಹೇಳುತ್ತಾರೆ.

ಮುಂದೆ ಹದಿನೆಂಟನೆಯ ಶತಮಾನದಲ್ಲಿ ಗುಡಿಗಳನ್ನು ದೊಡ್ಡದಾಗಿ ಕಟ್ಟುವಾಗ, ಓಡಿಸಿದವರ ಇಗರ್ಜಿಗಳ ಬರೋಕ್ ಶೈಲಿಯೇ ಒಳಬಂತು. ನೋಡುವವನನ್ನು ಬೆರಗಿನಲ್ಲಿ ಮುಳುಗಿಸಲು ಯುರೋಪಿನ ಕ್ಯಾಥೊಲಿಕರು ಬೆಳೆಸಿದ ಆಡಂಬರದ ಶೈಲಿಯದು. ಕವಳೆಯ ಈಗಿನ ಗುಡಿ 1738ರದ್ದು. ಕಮಾನಿನ ಕಿಟಕಿ, ಬಣ್ಣದ ಗಾಜು, ಗೋಡೆಗಂಟಿದ ಅರೆಗಂಬ, ಮೇಲೆ ಗುಮ್ಮಟ. ಆ ಗುಮ್ಮಟದಲ್ಲಿ ರೋಮ್ ಎಷ್ಟು, ಬಿಜಾಪುರ ಎಷ್ಟು ಎಂದು ವಿದ್ವಾಂಸರು ಲೆಕ್ಕ ಹಾಕಲಿ. ಮಂಗೇಶಿಯ ಏಳಂತಸ್ತಿನ ದೀಪಸ್ತಂಭಕ್ಕೆ ಗಂಟೆಗೋಪುರದ ಮೈಕಟ್ಟು. ಆದರೆ ಗಂಟೆಯ ಜಾಗದಲ್ಲಿ ಹಣತೆ. ಇದನ್ನು ನಕಲು ಎನ್ನಲಾರೆ. ಇಗರ್ಜಿಗಳನ್ನು ಕಟ್ಟಿದ್ದೂ ಇಲ್ಲಿನ ಕೈಗಳೇ ತಾನೇ? ಸಭಾಮಂಟಪದ ಗಾಜಿನ ಝೂಮರುಗಳು ಮಾತ್ರ ನನಗೆ ಅತಿಯೆನಿಸುತ್ತವೆ, ಸಾಹುಕಾರರ ದಿವಾನಖಾನೆಯ ಹಾಗೆ. ಗರ್ಭಗುಡಿಯ ಮಬ್ಬಿನವರೆಗೆ ಆ ಆಡಂಬರ ಹೋಗಲಿಲ್ಲ. ಎಲ್ಲಿ ನಿಲ್ಲಬೇಕೆಂಬುದು ಕಟ್ಟಿದವರಿಗೆ ತಿಳಿದಿತ್ತು.

ಪೋಲೆಂಡಿನದು ಇದರ ತಿರುವುಮುರುವು. 1683ರಲ್ಲಿ ವಿಯೆನ್ನಾದ ಬಳಿ ತುರ್ಕರನ್ನು ಸೋಲಿಸಿದ ದೊರೆ ಯಾನ್ ಸೋಬಿಯೆಸ್ಕಿಯ ನಾಡಿನ ಸರದಾರರು, ತಮ್ಮ ಬರೋಕ್ ಕಾಲದ ಭಾವಚಿತ್ರಗಳಲ್ಲಿ ನಿಂತಿರುವುದು ತುರ್ಕಿ, ಇರಾನಿನ ಛಾಯೆಯ ನಿಲುವಂಗಿ, ರೇಷ್ಮೆ ನಡುಪಟ್ಟಿಗಳಲ್ಲಿ. ಹದಿನೆಂಟನೆಯ ಶತಮಾನದಲ್ಲಿ ಆ ಪಟ್ಟಿಗಳಿಗೆ ಹೆಸರಾದ ಸ್ಲುಟ್ಸ್ಕ್‌ನ ಮಗ್ಗಗಳನ್ನು ನಡೆಸಿದವನು ಅರ್ಮೇನಿಯನ್ ನೇಕಾರ ಯಾನ್ ಮಜಾರ್ಸ್ಕಿ. ಅದನ್ನೇ ಅವರು ಅಪ್ಪಟ ದೇಶೀ ಉಡುಗೆಯೆಂದು ಮೆರೆಸಿದರು.

ನಮ್ಮಲ್ಲೀಗ ಜೀರ್ಣೋದ್ಧಾರದ ಭರಾಟೆ. ಹಳೆಯದನ್ನು ಕೆಡವಿ 'ಶುದ್ಧ ಶಾಸ್ತ್ರೀಯ' ಗೋಪುರ ನಿಲ್ಲಿಸುವ ಉಮೇದು. ಅಂಕೋಲೆ, ಕುಮಟೆ ಕಡೆಯ ಗುಡಿಗಳಲ್ಲಿ ಸುಣ್ಣದ ಗೋಡೆಗೆ ಕೆಮ್ಮಣ್ಣಿನ ಲೇಪ ಕೊಟ್ಟು, ಹಸಿಯಿರುವಾಗಲೇ ಕೆರೆದು ಬಿಳಿ ಗೆರೆ ಎಬ್ಬಿಸಿದ ಕಾವಿ ಚಿತ್ರಗಳಿದ್ದವು. ಎಷ್ಟೋ ಕಡೆ ಅವು ಆಯಿಲ್ ಪೇಂಟಿನ ಕೆಳಗೆ ಹೋಗಿವೆ. ಇನ್ನು ಕೆಲವೆಡೆ ಟೈಲ್ಸ್ ಬಂದಿದೆ. ಹಾಗೆ ಮಾಡಿಸಿದವರು ದೇವರ ಮೇಲಿನ ಭಕ್ತಿಯಿಂದಲೇ, ಊರವರ ಚಂದಾ ಎತ್ತಿಯೇ ಮಾಡಿಸಿದ್ದು.