ತೆರೆಯ ಮೇಲಿನ ಪತ್ರಕರ್ತ, ಫುಟ್‌ಪಾತಿನ ಮನುಷ್ಯ

ಶಂಕರ್‌ನಾಗ್ ನಿರ್ದೇಶನದ 'ಆಕ್ಸಿಡೆಂಟ್' (1985) ಚಿತ್ರದಲ್ಲಿ ರಾಜಕಾರಣಿಯ ಮಗನ ಕಾರು ಫುಟ್‌ಪಾತಿನಲ್ಲಿ ಮಲಗಿದ್ದ ಬಡವರ ಮೇಲೆ ಹರಿಯುತ್ತದೆ. ಯಾದಗಿರಿ, ಶಹಾಪುರ, ಸುರಪುರದ ಪ್ರೇಕ್ಷಕರಿಗೆ ಅದು ಬರೀ ಕಥೆಯಲ್ಲ. ಗುಳೆ ಹೋಗಿ ಬೆಂಗಳೂರಿನ ಕಟ್ಟಡಗಳನ್ನು ಎಬ್ಬಿಸಿ, ಅವುಗಳ ಬದಿಯಲ್ಲೇ ಮಲಗುವವರಲ್ಲಿ ನಮ್ಮ ಊರುಗಳವರೂ ಇದ್ದಾರೆ. ಚಿತ್ರದಲ್ಲಿ ಸತ್ಯದ ಬೆನ್ನು ಹತ್ತುವವನು ಒಬ್ಬ ಪತ್ರಕರ್ತ. ಆ ಪಾತ್ರದಲ್ಲಿ ಸ್ವತಃ ಶಂಕರ್‌ನಾಗ್ ಇದ್ದಾರೆ.

ಇಂಥ ಪತ್ರಕರ್ತನನ್ನು ಅಮೆರಿಕದ ಸಿನೆಮಾ ಹಿಂದೆಯೇ ಕಂಡಿತ್ತು. 'ಆಲ್ ದ ಪ್ರೆಸಿಡೆಂಟ್ಸ್ ಮೆನ್' (1976) ವಾಟರ್‌ಗೇಟ್ ಹಗರಣವನ್ನು ಬಯಲಿಗೆಳೆದ ವಾಷಿಂಗ್ಟನ್ ಪೋಸ್ಟ್ ಪತ್ರಿಕೆಯ ಇಬ್ಬರು ವರದಿಗಾರರ ಚಿತ್ರ. ಅಲ್ಲಿ ಹೊಡೆದಾಟವಿಲ್ಲ. ಫೋನ್ ಮಾಡುವುದು, ಬಾಗಿಲು ತಟ್ಟುವುದು, ಬರೆದುಕೊಳ್ಳುವುದು, ಇಷ್ಟೇ. ಆ ತಾಳ್ಮೆಯೇ ಚಿತ್ರದ ಶಕ್ತಿ. ಅದಕ್ಕೂ ಮೊದಲು, 1951ರಲ್ಲಿ, ಬಿಲ್ಲಿ ವೈಲ್ಡರ್ 'ಏಸ್ ಇನ್ ದ ಹೋಲ್' ಮಾಡಿದ್ದರು. ಗುಹೆಯಲ್ಲಿ ಸಿಲುಕಿದವನ ಸುದ್ದಿ ಬೇಗ ಮುಗಿಯಬಾರದೆಂದು ಟೇಟಮ್ ಎಂಬ ವರದಿಗಾರ ರಕ್ಷಣಾ ಕಾರ್ಯವನ್ನೇ ನಿಧಾನಿಸುತ್ತಾನೆ. ಹೊರಗೆ ಜಾತ್ರೆ ನೆರೆಯುತ್ತದೆ, ಒಳಗಿದ್ದವನು ಸಾಯುತ್ತಾನೆ.

2024ರ ಏಪ್ರಿಲ್‌ನಲ್ಲಿ ಇಂಡಿ ತಾಲೂಕಿನ ಲಚ್ಯಾಣದಲ್ಲಿ ಮಗುವೊಂದು ಕೊಳವೆಬಾವಿಗೆ ಬಿದ್ದಾಗ ನಾವೂ ಟಿವಿ ಮುಂದೆ ಕುಳಿತಿದ್ದೆವು. ಪುಣ್ಯಕ್ಕೆ ಆ ಮಗು ಬದುಕಿ ಬಂತು. ಆದರೆ ವೈಲ್ಡರ್ ಕೇಳಿದ ಪ್ರಶ್ನೆ ಟೇಟಮ್‌ನೊಬ್ಬನಿಗಷ್ಟೇ ಅಲ್ಲ, ಜಾತ್ರೆಗೆ ಬಂದವರಿಗೂ ಹೌದು. ಅಲ್ಲಿ ನಮ್ಮ ಕಾಳಜಿ ಎಷ್ಟು, ಕುತೂಹಲ ಎಷ್ಟು?

ಹಾಗಾದರೆ ಪತ್ರಕರ್ತ ನಾಯಕನೋ ಖಳನಾಯಕನೋ? ಈ ಪ್ರಶ್ನೆಯೇ ದಾರಿ ತಪ್ಪಿಸುತ್ತದೆ. ವಾಷಿಂಗ್ಟನ್ನಿನ ವರದಿಗಾರರ ಬೆನ್ನಿಗೆ ದೊಡ್ಡ ಪತ್ರಿಕೆಯಿತ್ತು, ಗಟ್ಟಿ ಸಂಪಾದಕರಿದ್ದರು. ನಮ್ಮ ತಾಲೂಕಿನ ವರದಿಗಾರನ ಬೆನ್ನಿಗೆ ಯಾರಿದ್ದಾರೆ? ಆತ ಯಾವ ಗುತ್ತಿಗೆದಾರನ ಕಳಪೆ ಕಾಮಗಾರಿಯ ಬಗ್ಗೆ ಬರೆಯಬೇಕೋ, ಹಬ್ಬದ ಜಾಹೀರಾತಿಗೂ ಎಷ್ಟೋ ಸಲ ಅವನ ಬಳಿಗೇ ಹೋಗಬೇಕು. ಮರುದಿನ ಅದೇ ಬಸ್‌ಸ್ಟ್ಯಾಂಡಿನಲ್ಲಿ ಅವನನ್ನು ಎದುರಿಸಬೇಕು. ಒಬ್ಬನ ಧೈರ್ಯವನ್ನು ಮಾತ್ರ ಕೊಂಡಾಡುವ ಸಿನೆಮಾಕ್ಕೆ ಈ ಇಕ್ಕಟ್ಟು ಕಾಣುವುದಿಲ್ಲ.

'ಆಕ್ಸಿಡೆಂಟ್'ನಲ್ಲಿ ನನ್ನನ್ನು ಇಂದಿಗೂ ಕಾಡುವವನು ಪತ್ರಕರ್ತ ಅಲ್ಲ, ಬದುಕುಳಿದ ರಾಮಣ್ಣ. ರಮೇಶ್ ಭಟ್ ಮಾಡಿದ ಆ ಪಾತ್ರವಿಲ್ಲದಿದ್ದರೆ ಪತ್ರಕರ್ತನ ಸತ್ಯಕ್ಕೆ ಮುಖವೇ ಇರುತ್ತಿರಲಿಲ್ಲ. ಪತ್ರಕರ್ತ ಎಷ್ಟು ದೊಡ್ಡವರನ್ನು ಉರುಳಿಸಿದ ಎಂದು ಸಿನೆಮಾ ಲೆಕ್ಕ ಹಾಕಲಿ. ರಾಮಣ್ಣನ ಮಾತನ್ನು ಅವನು ಕೊನೆಯವರೆಗೆ ಕೇಳಿದನೇ ಎಂದು ನಾವು ಕೇಳೋಣ.