ನೆನೆಸಿದ ಕಾಳು – 2 ಕಪ್

ಕಾದಂಬರಿ ಬಂದರೆ ಅದಕ್ಕೊಂದು ವಿಮರ್ಶೆ ಬರುತ್ತದೆ. ಕವನ ಸಂಕಲನಕ್ಕೂ ಬರುತ್ತದೆ. ಮೂವತ್ತು ಪ್ರತಿ ಖರ್ಚಾಗದಿದ್ದರೂ ಬರುತ್ತದೆ. ಆದರೆ ಪತ್ರಿಕೆ ಕೈಗೆ ಬಂದೊಡನೆ ನಾವು ಹೆಂಗಸರು ಮೊದಲು ತೆರೆಯುವ, ಕತ್ತರಿಸಿ ಇಟ್ಟುಕೊಳ್ಳುವ, ಎಣ್ಣೆಯ ಕಲೆ ಬೀಳುವಷ್ಟು ಸಲ ಓದುವ ಪುಟವೊಂದಿದೆಯಲ್ಲ, ಆ ಅಡುಗೆಯ ಪುಟವನ್ನು ಯಾರಾದರೂ ಕುಳಿತು ವಿಮರ್ಶೆ ಮಾಡಿದ್ದನ್ನು ನಾನು ಕಂಡಿಲ್ಲ. ಅದು ಸಾಹಿತ್ಯವಲ್ಲ ಎನ್ನುತ್ತಾರೆ. ಇರಲಿ. ಬರವಣಿಗೆ ಹೌದಲ್ಲವೇ? ಅದನ್ನು ನಂಬಿ ಜನ ಕೆಲಸ ಮಾಡುತ್ತಾರಲ್ಲವೇ? ಕವನ ಕೆಟ್ಟರೆ ಯಾರಿಗೂ ಹೊಟ್ಟೆ ನೋಯುವುದಿಲ್ಲ.

ಕನ್ನಡದಲ್ಲಿ ಅಡುಗೆಯನ್ನು ಬರೆಯುವುದು ನಿನ್ನೆ ಮೊನ್ನೆಯ ಸಂಗತಿಯೂ ಅಲ್ಲ. ಹನ್ನೊಂದನೆಯ ಶತಮಾನದ ಚಾವುಂಡರಾಯನ ‘ಲೋಕೋಪಕಾರ’ದಲ್ಲಿ ಪಾಕದ ಭಾಗವಿದೆ. ಮೂರನೆಯ ಮಂಗರಸ 1508ರ ಸುಮಾರಿಗೆ ‘ಸೂಪಶಾಸ್ತ್ರ’ವೆಂದು ಇಡೀ ಒಂದು ಗ್ರಂಥವನ್ನೇ ವಾರ್ಧಕ ಷಟ್ಪದಿಯಲ್ಲಿ ಬರೆದ. ಅವನು ಜೈನ, ಮಾಂಸದ ಸುದ್ದಿಗೆ ಹೋಗದೆ ಬದನೆ, ಹಲಸು, ಬಾಳೆಗಳಿಗೆ ಧಾರಾಳವಾಗಿ ಜಾಗ ಕೊಟ್ಟ. ಅರಸನೊಬ್ಬ ಕುಳಿತು ಬದನೆಕಾಯಿಯ ಮೇಲೆ ಷಟ್ಪದಿ ಕಟ್ಟಿದ್ದನ್ನು ಪಂಡಿತರು ಸಂಪಾದಿಸಿ ಅಚ್ಚು ಹಾಕಿಸಿದ್ದಾರೆ. ಹಾಗಿದ್ದ ಮೇಲೆ ನಮ್ಮ ಇಂದಿನ ಅಡುಗೆ ಪುಟವನ್ನೂ ಒಮ್ಮೆ ಗಂಭೀರವಾಗಿ ಓದಿದರೆ ತಪ್ಪೇನಿಲ್ಲ.

ನಾನು ಓದಲು ಎತ್ತಿಕೊಂಡದ್ದು ಒಂದು ಕತ್ತರಿಸಿದ ಹಾಳೆ. ಯಾವ ಪತ್ರಿಕೆಯದೆಂಬುದು ಮುಖ್ಯವಲ್ಲ. ಎಲ್ಲದರಲ್ಲೂ ಇಂಥದ್ದು ಬರುತ್ತದೆ. ‘ಸಮಾರಂಭಗಳಿಗೆ ಸುಲಭ ಬೇಕ್ಡ್ ಬೀನ್ಸ್ – ರುಚಿಯಾದ ಸೈಡ್ ಡಿಶ್.’ ನಮ್ಮ ಮುತ್ತಿನಕೊಪ್ಪದ ಮಹಿಳಾ ಸಂಘದಲ್ಲಿ ಆ ಹಾಳೆ ಕೈಯಿಂದ ಕೈಗೆ ಹೋಯಿತು. ‘ಬೇಕಾದ ಬೀನ್ಸಾ?’ ಎಂದು ಪಕ್ಕದಲ್ಲಿದ್ದ ಹಿರಿಯರೊಬ್ಬರು ಕೇಳಿದರು. ಎಲ್ಲರೂ ನಕ್ಕೆವು. ಆದರೆ ಎರಡು ಸಾಲು ಓದುವಷ್ಟರಲ್ಲಿ ನನಗೆ ನಗು ನಿಂತಿತು.

ಬೇಕಾಗುವ ಸಾಮಗ್ರಿಗಳು: ನೆನೆಸಿ ಬೇಯಿಸಿದ ಬೀನ್ಸ್ ಕಾಳು – 2 ಕಪ್ (ಅಥವಾ ಡಬ್ಬಿಯದು). ಸಣ್ಣಗೆ ಹೆಚ್ಚಿದ ಈರುಳ್ಳಿ. ಜಜ್ಜಿದ ಬೆಳ್ಳುಳ್ಳಿ. ಸೋಸಿದ ಟೊಮೆಟೊ ರಸ. ಪುಡಿ ಮಾಡಿದ ಬೆಲ್ಲ. ಹುರಿದು ಪುಡಿ ಮಾಡಿದ ಸಾಸಿವೆ. ತಯಾರಿಸಲು ಸಮಯ: 20 ನಿಮಿಷ.

ನಾನು ಮೂವತ್ತು ವರ್ಷ ಮಕ್ಕಳಿಗೆ ವ್ಯಾಕರಣ ಕಲಿಸಿದವಳು. ಆ ಪಟ್ಟಿಯನ್ನು ಇನ್ನೊಮ್ಮೆ ನೋಡಿ. ನೆನೆಸಿದ, ಬೇಯಿಸಿದ, ಹೆಚ್ಚಿದ, ಜಜ್ಜಿದ, ಸೋಸಿದ, ಹುರಿದ. ಎಲ್ಲವೂ ಕೃದಂತಗಳು, ಎಲ್ಲವೂ ಭೂತಕಾಲದವು. ಕೆಲಸ ಆಗಿಹೋಗಿದೆ. ಯಾರು ಮಾಡಿದರು? ಕರ್ತೃಪದವಿಲ್ಲ. ಯಾವಾಗ ಮಾಡಿದರು? ಹೇಳಿಲ್ಲ. ‘ಮಾಡುವ ವಿಧಾನ’ ಎಂಬ ತಲೆಬರಹ ಬರುವ ಹೊತ್ತಿಗೆ ಅಡುಗೆಯ ಮುಕ್ಕಾಲು ಪಾಲು ಯಾರದೋ ಅದೃಶ್ಯ ಕೈಗಳಿಂದ ಮುಗಿದಿರುತ್ತದೆ. ಉಳಿದದ್ದನ್ನು ಬೆರೆಸಿ ಒಲೆಯ ಮೇಲಿಡುವುದಕ್ಕೆ ಇಪ್ಪತ್ತು ನಿಮಿಷ ಸಾಕು. ‘ಸುಲಭ’ ಎಂಬ ಮಾತು ನಿಂತಿರುವುದೇ ಆ ಕೃದಂತಗಳ ಹೆಗಲ ಮೇಲೆ.

ಇದರಿಂದಾಗುವ ನಷ್ಟ ಸಣ್ಣದಲ್ಲ. ಇಪ್ಪತ್ತು ನಿಮಿಷವೆಂದು ಓದಿದ ಹೊಸ ಸೊಸೆಗೆ ಮೂರು ಗಂಟೆ ಹಿಡಿದರೆ ಅವಳು ಹಾಳೆಯನ್ನು ಅನುಮಾನಿಸುವುದಿಲ್ಲ, ತನ್ನ ಕೈಯನ್ನೇ ಅನುಮಾನಿಸುತ್ತಾಳೆ. ಅದೇ ಹಾಳೆಯನ್ನು ಓದಿದ ಮನೆಯ ಯಜಮಾನರು ‘ಸುಲಭ ಅಂತ ಬರೆದಿದ್ದಾರಲ್ಲ, ಇದೂ ಒಂದು ಇರಲಿ’ ಎಂದು ಆಗಲೇ ಐದಿದ್ದ ಪಟ್ಟಿಗೆ ಆರನೆಯದನ್ನು ಸೇರಿಸುತ್ತಾರೆ. ಕಾಳು ನೆನೆಸುವುದಕ್ಕೆ ಮೊದಲು ಅದನ್ನು ನೆನೆಸಿಕೊಳ್ಳಬೇಕು. ರಾತ್ರಿ ಎಲ್ಲರೂ ಮಲಗಿದ ಮೇಲೆ ‘ಅಯ್ಯೋ, ನಾಳೆಯ ಕಾಳು’ ಎಂದು ಎದ್ದುಹೋಗುವ ಒಬ್ಬಳು ಪ್ರತಿ ಮನೆಯಲ್ಲೂ ಇದ್ದಾಳೆ. ಅವಳ ಲೆಕ್ಕ ಆ 20 ನಿಮಿಷದಲ್ಲಿ ಎಲ್ಲಿದೆ?

ಇನ್ನು ಈ ಬೇಕ್ಡ್ ಬೀನ್ಸಿನ ಮೂಲವನ್ನು ನೋಡಿದರೆ ‘ಸುಲಭ’ದ ಗುಟ್ಟು ಇನ್ನಷ್ಟು ಬಿಚ್ಚಿಕೊಳ್ಳುತ್ತದೆ. ಬೀನ್ಸ್, ಟೊಮೆಟೊ, ಮೆಣಸಿನಕಾಯಿ ಎಲ್ಲವೂ ಅಮೆರಿಕ ಖಂಡದಿಂದ ಹೊರಟು ಲೋಕ ಸುತ್ತಿದವು. ಮಂಗರಸನ ಅಡುಗೆಮನೆಯಲ್ಲಿ ಇವು ಯಾವುವೂ ಇರಲಿಲ್ಲ. ಅಮೆರಿಕದ ಬಾಸ್ಟನ್ ಕಡೆಯ ಪ್ಯೂರಿಟನ್ ಕ್ರೈಸ್ತರು ಭಾನುವಾರ ಕೆಲಸ ಮಾಡಬಾರದೆಂಬ ಕಟ್ಟಳೆಯವರು. ಅವರ ಹೆಂಗಸರು ಶನಿವಾರವೇ ಕಾಳು, ಕಾಕಂಬಿ, ಉಪ್ಪು ಹಚ್ಚಿದ ಮಾಂಸ ಎಲ್ಲವನ್ನೂ ಮಡಕೆಗೆ ತುಂಬಿ, ಆರುತ್ತಿರುವ ಗೂಡು ಒಲೆಯೊಳಗೆ ಗಂಟೆಗಟ್ಟಲೆ ಬಿಡುತ್ತಿದ್ದರು. ಅಂದರೆ ಇದು ಹುಟ್ಟಿನಿಂದಲೇ ಹಿಂದಿನ ದಿನದ ಅಡುಗೆ. ಆಮೇಲೆ ಡಬ್ಬಿ ಬಂತು. 1886ರಲ್ಲಿ ಹೈಂಜ್ ಕಂಪನಿಯ ಸರಕು ಲಂಡನ್ನಿನ ದೊಡ್ಡ ಅಂಗಡಿಯೊಂದಕ್ಕೆ ಹೋಯಿತು. 1928ರಲ್ಲಿ ಇಂಗ್ಲೆಂಡಿನಲ್ಲೇ ಬೀನ್ಸಿನ ಡಬ್ಬಿ ತಯಾರಾಗತೊಡಗಿತು. ಅಲ್ಲಿಯವರಿಗೆ ಅದು ನಿಜವಾಗಿಯೂ ಸುಲಭ. ಆರಿಸುವುದು, ನೆನೆಸುವುದು, ಬೇಯಿಸುವುದು ಎಲ್ಲವನ್ನೂ ಕಾರ್ಖಾನೆ ಮಾಡಿ ಮುಗಿಸಿರುತ್ತದೆ. ತಮಾಷೆಯೆಂದರೆ, ಈಗ ಬರುವ ಸಾಮಾನ್ಯ ಡಬ್ಬಿಯ ಕಾಳು ಗೂಡು ಒಲೆಯನ್ನು ಕಂಡೇ ಇರುವುದಿಲ್ಲ. ಡಬ್ಬಿ ಮುಚ್ಚಿದ ಮೇಲೆ ಆವಿಯ ಬಿಸಿಯಲ್ಲಿ ಅದು ಒಳಗೇ ಬೇಯುತ್ತದೆ. ಹೆಸರು ಮಾತ್ರ ಬೇಕ್ಡ್.

ಡಬ್ಬಿಯ ಊರಿನ ‘ಸುಲಭ’ವನ್ನು ಡಬ್ಬಿಯಿಲ್ಲದ ಊರಿಗೆ ಹಾಗೆಯೇ ತಂದು ಇಳಿಸಿದ್ದು ನಮ್ಮ ಹಾಳೆಯ ಮೊದಲನೆಯ ದೋಷ.

ಬೇಕ್ ಮಾಡುವುದು ನಮಗೆ ಗೊತ್ತಿಲ್ಲದ್ದೇನಲ್ಲ. ಮಲೆನಾಡಿನ ಬಚ್ಚಲೊಲೆಯನ್ನು ಬಲ್ಲವರು ಇದನ್ನು ಒಪ್ಪುತ್ತಾರೆ. ಹಂಡೆಯ ನೀರು ಕಾದ ಮೇಲೆ ಉಳಿಯುವ ಕೆಂಡ, ಬೂದಿ ಇವೆಯಲ್ಲ, ಅದರಲ್ಲಿ ಹಲಸಿನ ಬೀಜ ಹುಗಿದಿಟ್ಟರೆ ಮಳೆಗಾಲದ ಸಂಜೆಗೆ ಬೇರೇನೂ ಬೇಡ. ಗೊಜ್ಜಿಗೆ ಬದನೆಕಾಯಿ ಸುಟ್ಟದ್ದೂ ಅಲ್ಲಿಯೇ. ಹಾಳೆ ಹೇಳುವುದು ಮಾತ್ರ ‘ಓವನ್ನಿನಲ್ಲಿ 180 ಡಿಗ್ರಿಗೆ’ ಎಂದು. ಆಷಾಢದಲ್ಲಿ ಮರ ಬಿದ್ದು ಎರಡು ದಿನ ಕರೆಂಟಿಲ್ಲದ ನಮ್ಮೂರಿನಲ್ಲಿ ಆ 180 ಡಿಗ್ರಿಯನ್ನು ಎಲ್ಲಿಂದ ತರುವುದು? ಬಚ್ಚಲೊಲೆಯ ಕೆಂಡದ ಮೇಲೆ ದಪ್ಪ ತಳದ ಪಾತ್ರೆ ಇಟ್ಟು, ಮುಚ್ಚಳದ ಮೇಲೂ ನಾಲ್ಕು ಕೆಂಡ ಹಾಕಿ ಎಂದು ಒಂದು ಸಾಲು ಬರೆದಿದ್ದರೆ ಆಗುತ್ತಿತ್ತು.

ಎರಡನೆಯ ದೋಷ ಇನ್ನೂ ದೊಡ್ಡದು. ತಲೆಬರಹದಲ್ಲಿ ‘ಸಮಾರಂಭಗಳಿಗೆ’ ಎಂದಿದೆ. ಕೆಳಗೆ ಸಣ್ಣಕ್ಷರದಲ್ಲಿ ‘ನಾಲ್ಕು ಜನಕ್ಕೆ’ ಎಂದಿದೆ. ನಾಲ್ಕು ಜನ ಸೇರಿದರೆ ಅದು ಸಮಾರಂಭವೇ? ಹತ್ತರಿಂದ ಗುಣಿಸಿಕೊಳ್ಳಿ ಎಂದು ಬರೆದವರು ಊಹಿಸಿರಬೇಕು. ಗುಣಾಕಾರ ಕಾಗದದ ಮೇಲೆ ನಡೆಯುತ್ತದೆ, ಒಲೆಯ ಮೇಲೆ ನಡೆಯುವುದಿಲ್ಲ. ಇದನ್ನು ಬಲ್ಲವರು ಶಾಲೆಯಲ್ಲಿ ಬಿಸಿಯೂಟ ಮಾಡುವ ಅಕ್ಕಂದಿರು. ಅಕ್ಷರ ದಾಸೋಹದ ಲೆಕ್ಕದಲ್ಲಿ ಐದನೆಯ ತರಗತಿಯವರೆಗಿನ ಮಗುವಿಗೆ ದಿನಕ್ಕೆ 20 ಗ್ರಾಂ ಬೇಳೆ, ಆರರಿಂದ ಎಂಟರವರಿಗೆ 30 ಗ್ರಾಂ. ಈ ಹಾಳೆಯನ್ನು ನಮ್ಮ ಅಡುಗೆಯ ಅಕ್ಕನಿಗೆ ಓದಿ ಹೇಳಿದೆ. ಆಕೆ ಕೇಳಿದ್ದು ಒಂದೇ ಪ್ರಶ್ನೆ: ‘ಟೀಚರೇ, ಪಾತ್ರೆ ಎಷ್ಟು ದೊಡ್ಡದು ಅಂತ ಬರೆದಿಲ್ವಾ?’

ಇಡೀ ವಿಮರ್ಶೆ ಆ ಒಂದು ಪ್ರಶ್ನೆಯಲ್ಲಿದೆ. ತಲೆಗೆ 30 ಗ್ರಾಂ ಒಣಕಾಳು ಎಂದರೆ ಐವತ್ತು ಜನಕ್ಕೆ ಒಂದೂವರೆ ಕಿಲೋ. ನೆನೆದ ಮೇಲೆ ಅದು ಎರಡರಷ್ಟಕ್ಕಿಂತ ಹೆಚ್ಚಾಗುತ್ತದೆ. ಕಾಳು ಬೇಯಿಸುವಾಗ ಕುಕ್ಕರನ್ನು ಅರ್ಧಕ್ಕಿಂತ ಮೇಲೆ ತುಂಬಬಾರದು, ಸಿಪ್ಪೆ ಎದ್ದು ಸೀಟಿಯ ಬಾಯಿ ಕಟ್ಟಿಕೊಳ್ಳುತ್ತದೆ. ಮನೆಯ ಐದು ಲೀಟರಿನ ಕುಕ್ಕರಿನಲ್ಲಿ ಮೂರು ಸಲ ಬೇಯಿಸಬೇಕು. ಕಾಯುವುದು, ಕೂಗುವುದು, ತಣಿಯುವುದು ಎಲ್ಲಾ ಸೇರಿ ಒಂದೊಂದು ಸಲಕ್ಕೂ ನಲವತ್ತು ನಿಮಿಷ. ಎರಡು ಗಂಟೆ ಇಲ್ಲಿಯೇ ಹೋಯಿತು. ಇನ್ನೂ ಈರುಳ್ಳಿಗೆ ಕೈ ಹಾಕಿಲ್ಲ.

ಮೂರನೆಯದನ್ನು ನಾನು ದೋಷ ಎನ್ನುವುದಿಲ್ಲ, ಅಪಾಯ ಎನ್ನುತ್ತೇನೆ. ‘ಬೀನ್ಸ್ ಕಾಳು ಸಿಗದಿದ್ದರೆ ರಾಜ್ಮಾ ಬಳಸಬಹುದು, ಎಲ್ಲವನ್ನೂ ಒಟ್ಟಿಗೆ ಹಾಕಿ ಸಣ್ಣ ಉರಿಯಲ್ಲಿ ಬಿಟ್ಟರೂ ಆಗುತ್ತದೆ’ ಎಂದು ಕೊನೆಯಲ್ಲಿ ಒಂದು ‘ಸುಲಭ ಸಲಹೆ’ಯಿದೆ. ಹಸಿ ರಾಜ್ಮಾದಲ್ಲಿ ಫೈಟೋಹೀಮಗ್ಲುಟಿನಿನ್ ಎಂಬ ವಿಷಪದಾರ್ಥವಿದೆ. ಸರಿಯಾಗಿ ಬೇಯದ ನಾಲ್ಕೈದು ಕಾಳು ತಿಂದರೂ ಒಂದರಿಂದ ಮೂರು ಗಂಟೆಯೊಳಗೆ ವಾಂತಿ, ಭೇದಿ ಶುರುವಾಗಬಹುದು. ಸಣ್ಣ ಉರಿಯಲ್ಲಿ 80 ಡಿಗ್ರಿಯನ್ನೂ ಮುಟ್ಟದೆ ಗಂಟೆಗಟ್ಟಲೆ ಬೆಚ್ಚಗಿದ್ದರೆ ಆ ವಿಷ ಇಳಿಯುವುದಿರಲಿ, ಹೆಚ್ಚುವುದೂ ಉಂಟು. ಕನಿಷ್ಠ ಐದು ಗಂಟೆ ನೆನೆಸಿ, ಆ ನೀರನ್ನು ಚೆಲ್ಲಿ, ಹೊಸ ನೀರಿನಲ್ಲಿ ಕೊತಕೊತನೆ ಅರ್ಧ ಗಂಟೆ ಕುದಿಸಿದರೆ ಅಥವಾ ಕುಕ್ಕರಿನಲ್ಲಿ ಮೆತ್ತಗೆ ಬೇಯಿಸಿದರೆ ಭಯವಿಲ್ಲ. ಇಷ್ಟು ಬರೆಯಲು ಎರಡು ಸಾಲು ಸಾಕಿತ್ತು. ಸಮಾರಂಭಕ್ಕೆ ಬಂದ ಐವತ್ತು ಜನರ ಹೊಟ್ಟೆಯ ಪ್ರಶ್ನೆ ಇದು.

‘ಎಲ್ಲವನ್ನೂ ಒಟ್ಟಿಗೆ’ ಎಂಬುದು ಇನ್ನೊಂದು ರೀತಿಯಲ್ಲೂ ತಪ್ಪು. ಕಾಳು ಬೇಯುವ ಮುಂಚೆ ಹುಳಿ, ಬೆಲ್ಲ ಹಾಕಬೇಡ ಎಂದು ನಮ್ಮ ಅಜ್ಜಿಯಂದಿರು ಹೇಳುತ್ತಿದ್ದರು. ಕಾರಣ ಕೇಳಿದರೆ ‘ಬೇಯುವುದಿಲ್ಲ, ಅಷ್ಟೆ’ ಎನ್ನುತ್ತಿದ್ದರು. ಅದಕ್ಕೆ ಶಾಸ್ತ್ರ ಈಗ ಗೊತ್ತಾಗಿದೆ. ಕಾಳಿನ ಗೋಡೆಗಳನ್ನು ಹಿಡಿದಿಡುವ ಅಂಟು ಹುಳಿಯಲ್ಲಿ ಕರಗುವುದಿಲ್ಲ; ಸುಣ್ಣದ ಅಂಶ ಸೇರಿದರೆ ಇನ್ನೂ ಬಿಗಿಯುತ್ತದೆ. ಆಲೆಮನೆಯಲ್ಲಿ ಕಬ್ಬಿನ ಹಾಲಿಗೆ ಸುಣ್ಣ ಹಾಕುವುದನ್ನು ಕಂಡವರಿಗೆ ಬೆಲ್ಲದಲ್ಲಿ ಅದು ಎಲ್ಲಿಂದ ಬಂತೆಂದು ಹೇಳಬೇಕಿಲ್ಲ. ಬಾಸ್ಟನ್ನಿನ ಮಡಕೆಯಲ್ಲಿ ಕಾಳು ಅಷ್ಟು ಹೊತ್ತು ಬೆಂದರೂ ಕರಗಿ ಗಂಜಿಯಾಗದೆ ಇರುತ್ತಿದ್ದುದು ಈ ಕಾಕಂಬಿಯ ದೆಸೆಯಿಂದಲೇ. ಅವರ ಬಳಿ ಇಡೀ ರಾತ್ರಿಯಿತ್ತು. ನಮ್ಮ ಹಾಳೆಯ ಬಳಿ ಇರುವುದು 20 ನಿಮಿಷ.

‘ಸೈಡ್ ಡಿಶ್’ ಎಂಬ ಮಾತಿನ ಬಗ್ಗೆಯೂ ನನಗೆ ಸ್ವಲ್ಪ ತಕರಾರಿದೆ. ಪಕ್ಕದ್ದು ಎಂದ ಕೂಡಲೇ ಅದು ಹಗುರವಾಗಿಬಿಡುತ್ತದೆ. ನಮ್ಮಲ್ಲಿ ಇದಕ್ಕೆ ವ್ಯಂಜನ ಎಂಬ ಹೆಸರುಂಟು. ಕ, ಖ, ಗ, ಘಗಳಿಗೂ ಅದೇ ಹೆಸರು. ಸ್ವರ ಸೇರದೆ ವ್ಯಂಜನವನ್ನು ಉಚ್ಚರಿಸಲಾಗದು ಎಂದು ಮಕ್ಕಳಿಗೆ ಹೇಳುತ್ತೇವೆ. ಹಾಗೆಯೇ ಅನ್ನ ಸೇರದೆ ಪಲ್ಯವನ್ನು ಊಟ ಎನ್ನಲಾಗದು. ಆದರೆ ಬರೀ ಸ್ವರಗಳಿಂದ ಎಷ್ಟು ಮಾತು ಆಡಿಯೇವು? ನಮ್ಮ ತಾಲ್ಲೂಕಿನಲ್ಲಿ ರಬ್ಬರ್ ತೋಟ ಮಾಡಿಕೊಂಡು ನೆಲೆ ನಿಂತಿರುವ ಮಲಯಾಳಿ ಮನೆಗಳಲ್ಲಿ ಗಂಜಿಯ ಜೊತೆಗೆ ಪಯರು ಎಂದು ಕಾಳಿನ ಪಲ್ಯ ಮಾಡುತ್ತಾರೆ. ಅದಿಲ್ಲದೆ ಬರೀ ಗಂಜಿಯನ್ನು ಮುಂದಿಟ್ಟರೆ ಅವರ ಮಕ್ಕಳು ಮುಖ ತಿರುಗಿಸುತ್ತಾರೆ.

ಬೈದು ಸುಮ್ಮನಾದರೆ ವಿಮರ್ಶೆ ಅರ್ಧವಾಯಿತು. ಆ ಹಾಳೆಯನ್ನು ನಾನು ಬರೆಯುವುದಾದರೆ ಹೀಗೆ ಬರೆಯುತ್ತೇನೆ. ಐವತ್ತು ಜನಕ್ಕೆ, ಇಬ್ಬರ ಕೈಗೆ, ಕೃದಂತಗಳಿಲ್ಲದ ಪಟ್ಟಿಯೊಂದಿಗೆ. ಅಲಸಂದೆ ಕಾಳು ಒಂದೂವರೆ ಕಿಲೋ, ಬಿಳಿಯದಾದರೆ ಒಳ್ಳೆಯದು; ಕೊಪ್ಪ, ನರಸಿಂಹರಾಜಪುರ ಎಲ್ಲಾದರೂ ಸಿಗುತ್ತದೆ, ರಾಜ್ಮಾದ ಭಯವೂ ಇಲ್ಲ. ಈರುಳ್ಳಿ ಮುಕ್ಕಾಲು ಕಿಲೋ, ಟೊಮೆಟೊ ಒಂದೂವರೆ ಕಿಲೋ, ಬೆಲ್ಲ ಕಾಲು ಕಿಲೋಗೆ ಸ್ವಲ್ಪ ಕಡಿಮೆ, ಸಾಸಿವೆ ಮೂರು ದೊಡ್ಡ ಚಮಚ, ಬ್ಯಾಡಗಿ ಮೆಣಸಿನಕಾಯಿ ಹದಿನೈದು, ಎಣ್ಣೆ, ಉಪ್ಪು. ಹಿಂದಿನ ರಾತ್ರಿ, ಅಡುಗೆಮನೆ ಒರೆಸುವುದಕ್ಕೆ ಮೊದಲು, ಒಬ್ಬರು ಕಾಳು ಆರಿಸಿ ತೊಳೆದು, ಮೂರರಷ್ಟು ಹಿಡಿಯುವ ಪಾತ್ರೆಯಲ್ಲಿ ನಾಲ್ಕು ದೊಡ್ಡ ಚಮಚ ಉಪ್ಪು ಬೆರೆಸಿದ ನೀರಿಗೆ ಹಾಕಲಿ. ಉಪ್ಪು ಹಾಕಿದರೆ ಸಿಪ್ಪೆ ಗಟ್ಟಿಯಾಗುತ್ತದೆಂಬ ಮಾತಿದೆ. ನೆನೆಯುವಾಗ ಹಾಕಿದರೆ ಅದು ಮೆತ್ತಗೇ ಆಗುತ್ತದೆ. ಇನ್ನೊಬ್ಬರು ಅದೇ ಹೊತ್ತಿನಲ್ಲಿ ಸಾಸಿವೆ, ಮೆಣಸಿನಕಾಯಿ ಹುರಿದು ಪುಡಿ ಮಾಡಿಟ್ಟರೆ ಅರ್ಧ ಗಂಟೆ.

ಬೆಳಿಗ್ಗೆ ನೀರು ಬಸಿದು ಮೂರು ಸಲವಾಗಿ ಕುಕ್ಕರಿನಲ್ಲಿಟ್ಟು ಎರಡೆರಡು ಸೀಟಿ ಕೂಗಿಸಲಿ. ಆ ಎರಡು ಗಂಟೆಯಲ್ಲಿ ಇನ್ನೊಬ್ಬರು ಟೊಮೆಟೊ ಬೇಯಿಸಿ ರುಬ್ಬಿಕೊಂಡು, ಈರುಳ್ಳಿಯನ್ನು ಎಣ್ಣೆಯಲ್ಲಿ ಕೆಂಪಗೆ ಬಾಡಿಸಲಿ. ಬೆರಳಿನಲ್ಲಿ ಒತ್ತಿದರೆ ಕಾಳು ಹಿಸುಕುವಂತಾದ ಮೇಲೆ ಮಾತ್ರ ಬೆಲ್ಲ, ಟೊಮೆಟೊ, ಪುಡಿ ಸೇರಿಸಿ, ರುಚಿ ನೋಡಿ ಉಪ್ಪು ಹಾಕಿ, ಅಗಲ ಬಾಯಿಯ ಪಾತ್ರೆಯಲ್ಲಿ ಕೆಂಡದ ಮೇಲೋ ಗ್ಯಾಸಿನ ಸಣ್ಣ ಉರಿಯಲ್ಲೋ ಒಂದು ಗಂಟೆ ಬಿಡಿ. ನಡುನಡುವೆ ತಳ ಕೆದಕದಿದ್ದರೆ ಬೆಲ್ಲ ಹೊತ್ತುತ್ತದೆ. ಬಡಿಸುವುದು ತಡವಾಗುವುದಿದ್ದರೆ ಆರಲೆಂದು ಮುಚ್ಚಿ ಮೂಲೆಗಿಡಬೇಡಿ, ಬೇಸಿಗೆಯಲ್ಲಂತೂ ಮಧ್ಯಾಹ್ನದೊಳಗೆ ಹಳಸುತ್ತದೆ; ಬಿಸಿಯಾಗಿಯೇ ಇರಿಸಿಕೊಳ್ಳಿ. ಎಲೆಯ ಮೇಲೆ ಬಡಿಸಿದರೆ ಹರಿಯದೆ ನಿಲ್ಲುವಷ್ಟು ಗಟ್ಟಿಯಿರಬೇಕು. ಕೋಸಂಬರಿಯ ಪಕ್ಕದಲ್ಲಿ, ಪಲ್ಯ ಬರುವ ಜಾಗಕ್ಕೆ ಸ್ವಲ್ಪ ಮೇಲೆ, ಒಂದು ಸೌಟಿಗೆ ಕಡಿಮೆ. ಎರಡನೆಯ ಸಲ ಕೇಳುವವರಿಗೆ ತಳದಲ್ಲಿ ಕಂದು ಹಿಡಿದದ್ದನ್ನು ಸೇರಿಸಿ ಕೊಡಿ, ರುಚಿಯೆಲ್ಲ ಅಲ್ಲಿರುತ್ತದೆ.